ಸಂತ ಹೊಸಮನಿ

ನಮ್ಮ ಕಡೆ ಮನುಷ್ಯನಿಗೆ ಮೂರು ಹೆಸರು: ತನ್ನದು, ಅಪ್ಪನದು, ಆಮೇಲೆ ಅಡ್ಡಹೆಸರು. ಮೊದಲನೆಯದನ್ನು ಅವ್ವ ಕರೆಯುತ್ತಾಳೆ, ಎರಡನೆಯದು ಹೊಲದ ಉತಾರಕ್ಕೆ ಬೇಕಾಗುತ್ತದೆ, ಮೂರನೆಯದನ್ನು ಸಾಲ ಕೊಟ್ಟವರು ನೆನಪಿಟ್ಟುಕೊಳ್ಳುತ್ತಾರೆ. ಈ ಅಡ್ಡಹೆಸರುಗಳಲ್ಲಿ ಮೆಣಸಿನಕಾಯಿ, ಉಳ್ಳಾಗಡ್ಡಿ, ಅಕ್ಕಿ, ಬೆಲ್ಲದ ಎಲ್ಲವೂ ಇರುವುದರಿಂದ ಮೈಸೂರು ಕಡೆಯವರು ನಮ್ಮ ಹಾಜರಿ ಪುಸ್ತಕ ಓದಿ ಕಿರಾಣಿ ಚೀಟಿ ಎಂದು ನಗುವುದುಂಟು. ನನ್ನದು ಅಡಿಗೆಮನೆಗೆ ಸೇರಿದ್ದಲ್ಲ. ಹೊಸಮನಿ. ಆದರೆ ಊರಿನಲ್ಲಿ ನಮ್ಮ ಮನೆಗಿಂತ ಹಳೆಯ ಮನೆ ಇನ್ನೊಂದಿರಲಿಲ್ಲ. ಯಾವ ಮುತ್ತಜ್ಜನ ಕಾಲದಲ್ಲಿ ಅದು ಹೊಸದಾಗಿತ್ತೋ ಯಾರಿಗೂ ಗೊತ್ತಿಲ್ಲ. ನಾನು ಕಣ್ಣು ಬಿಡುವ ಹೊತ್ತಿಗೆ ಜಂತಿಗೆ ಗೆದ್ದಲು ಹತ್ತಿತ್ತು. ಪ್ರತಿ ಮಳೆಗಾಲಕ್ಕೆ ಮಾಳಿಗೆಯ ಮಣ್ಣು ಒಂದಿಷ್ಟು ಕೆಳಗಿಳಿದು ನಮ್ಮನ್ನು ಮಾತಾಡಿಸುತ್ತಿತ್ತು. ಆದರೂ ನಾವು ಹೊಸಮನಿಯವರು.

ಇಷ್ಟೆಲ್ಲ ಪೀಠಿಕೆ ಹಾಕಿದ್ದು ಸ್ಪೇನಿನ ಒಂದು ಅಡ್ಡಹೆಸರಿನ ಪುರಾಣ ಹೇಳಲಿಕ್ಕೆ. ಆ ಹೆಸರು ಝೇವಿಯರ್.

ಬ್ಯಾಂಕಿನ ನೌಕರಿ ನನ್ನನ್ನು ಎತ್ತಿ ಮಂಗಳೂರಿಗೆ ಒಗೆದ ಕಾಲ. ಗೃಹಸಾಲದ ವಿಭಾಗದಲ್ಲಿ ನನ್ನ ಪಕ್ಕದ ಮೇಜಿನವರ ಹೆಸರು ಝೇವಿಯರ್. ಕೊಂಕಣಿ ಮನೆಮಾತಿನ, ಅಳೆದು ತೂಗಿ ನಗುವ ಮನುಷ್ಯ. ಪರಿಚಯವಾದ ವಾರದಲ್ಲೇ ಅವರು, "ಈ ಹೊಸಮನಿ ಅಂದ್ರೆ ಎಂಥ ಮಾರಾಯ್ರೆ?" ಎಂದು ಕೇಳಿದರು. ಹೇಳಿದೆ. "ಗೃಹಸಾಲಕ್ಕೆ ಭಾರೀ ಒಳ್ಳೆಯ ಹೆಸರು. ಬೋರ್ಡು ಬೇಡ, ನಿಮ್ಮನ್ನೇ ಬಾಗಿಲಲ್ಲಿ ಕೂರಿಸಬಹುದು" ಎಂದರು. "ನಿಮ್ಮದಕ್ಕೇನ್ರೀ ಅರ್ಥ?" ಎಂದೆ. "ನಮ್ಮದಕ್ಕೆ ಅರ್ಥ ಎಲ್ಲ ಇಲ್ಲ. ಸಂತರ ಹೆಸರು, ಅಷ್ಟೆ" ಎಂದು ಕಡತಕ್ಕೆ ತಲೆ ತಗ್ಗಿಸಿದರು.

ಅರ್ಥ ಇತ್ತು. ನಾವಿಬ್ಬರೂ ದಿನವಿಡೀ ಪಕ್ಕಪಕ್ಕ ಕೂತು ಊರವರಿಗೆಲ್ಲ ಮನೆ ಕಟ್ಟಲು ಸಾಲ ಕೊಡುತ್ತಿದ್ದಾಗ ಅದು ನಮ್ಮ ಮಧ್ಯೆಯೇ ಕೂತಿತ್ತು. ಝೇವಿಯರ್ ಎಂದರೂ ಹೊಸಮನೆ.

ಫ್ರಾನ್ಸಿನ ಗಡಿಗೆ ಹತ್ತಿಕೊಂಡು, ಸ್ಪೇನಿನ ಉತ್ತರಕ್ಕೆ ನವಾರ್ರಾ ಎಂಬ ಸೀಮೆಯಿದೆ. ಅಲ್ಲಿನ ಹಳೆಯ ಜನ ಬಾಸ್ಕರು. ಅವರ ಭಾಷೆಗೆ ಸ್ಪ್ಯಾನಿಷ್ ನೆಂಟನಲ್ಲ, ಫ್ರೆಂಚ್ ಬೀಗನಲ್ಲ. ಜಗತ್ತಿನ ಯಾವ ಭಾಷೆಯ ಜೊತೆಗೂ ಅದರ ರಕ್ತಸಂಬಂಧ ಇದುವರೆಗೆ ಸಿದ್ಧವಾಗಿಲ್ಲ. ಆ ಭಾಷೆಯಲ್ಲಿ 'ಎಚೆ' ಎಂದರೆ ಮನೆ, 'ಬೆರ್ರಿ' ಎಂದರೆ ಹೊಸತು. ಎಚೆಬೆರ್ರಿ. ಇದು ರೋಮನರ ಭಾಷೆಯ ಮಕ್ಕಳ ಬಾಯಿಗೆ ಬಿದ್ದು, ಮೊದಲಿನ 'ಎ' ಉದುರಿ, 'ಬೆರ್ರಿ' ಹಿಗ್ಗಿ 'ಬಿಯೆರ್' ಆಗಿ, ಕೊನೆಗೆ ಶವ್ಯೇರ್ ಎಂದು ನಿಂತಿತು. ಪಾಂಪ್ಲೋನಾ ಪಟ್ಟಣದಿಂದ ಸುಮಾರು 50 ಕಿಲೋಮೀಟರ್ ದೂರದಲ್ಲಿ ಆ ಹೆಸರಿನದೊಂದು ಕೋಟೆಮನೆ, ಅದರ ಕಾಲಬುಡದಲ್ಲಿ ನೂರರ ಆಸುಪಾಸು ಜನರ ಹಳ್ಳಿ. ಕೋಟೆಯ ಮೂಲ ಗೋಪುರಕ್ಕೆ ಸಾವಿರ ವರ್ಷದ ಹತ್ತಿರ ವಯಸ್ಸು. ಹೆಸರು ಮಾತ್ರ ಹೊಸಮನೆ. ಇದನ್ನು ಓದಿದಾಗ ನನಗೆ ಆದ ಸಮಾಧಾನ ಇಷ್ಟಿಷ್ಟಲ್ಲ.

ಬಾಸ್ಕರಲ್ಲಿ ಇನ್ನೊಂದು ಪದ್ಧತಿಯಿತ್ತು. ಮನೆಗೆ ಮನುಷ್ಯ ಹೆಸರಿಡುತ್ತಿರಲಿಲ್ಲ. ಮನುಷ್ಯನಿಗೆ ಮನೆ ಹೆಸರಿಡುತ್ತಿತ್ತು. ಒಂದು ಮನೆಗೆ ಹೊರಗಿನವನು ಬಂದು ನೆಲೆಸಿದರೂ ಊರು ಅವನನ್ನು ಆ ಮನೆಯ ಹೆಸರಿನಿಂದಲೇ ಕರೆಯುತ್ತಿತ್ತು. ವಂಶ ಬದಲಾಗಬಹುದು, ಒಲೆ ಅದೇ.

ಈ ಕೋಟೆಮನೆಯಲ್ಲಿ 1506ರ ಏಪ್ರಿಲ್ 7ರಂದು ಒಂದು ಗಂಡುಮಗು ಹುಟ್ಟಿತು. ಕೊನೆಯ ಕೂಸು. ಅಪ್ಪ ಹುವಾನ್ ದೆ ಜಾಸೊ, ಇಟಲಿಯ ಬೊಲೋನ್ಯಾದಲ್ಲಿ ಕಾನೂನು ಓದಿ ಬಂದು ನವಾರ್ರಾದ ರಾಜಪರಿಷತ್ತಿನ ಅಧ್ಯಕ್ಷನಾದವನು. ತಾಯಿ ಮರಿಯಾ ದೆ ಅಸ್ಪಿಲ್ಕ್ವೇಟಾ. ಕೋಟೆ ಬಂದದ್ದು ತಾಯಿಯ ಕಡೆಯಿಂದ. ಅಂದರೆ ಅಪ್ಪನ ಲೆಕ್ಕದಲ್ಲಿ ಹುಡುಗ ಜಾಸೊ ಆಗಬೇಕಿತ್ತು, ಅಮ್ಮನ ಲೆಕ್ಕದಲ್ಲಿ ಅಸ್ಪಿಲ್ಕ್ವೇಟಾ. ಆಗಿನ ನವಾರ್ರಾದಲ್ಲಿ ಈ ವಿಷಯಕ್ಕೆ ಬಿಗಿಯಾದ ಕಟ್ಟಳೆ ಇರಲಿಲ್ಲ. ಇದೇ ಮನೆಯಲ್ಲಿ ಒಬ್ಬ ಅಣ್ಣ ಮಿಗೆಲ್ ದೆ ಝೇವಿಯರ್, ಇನ್ನೊಬ್ಬ ಹುವಾನ್ ದೆ ಅಸ್ಪಿಲ್ಕ್ವೇಟಾ. ನಮ್ಮಲ್ಲಿ ಹೀಗಾಗಿದ್ದರೆ ವಾರಸಾ ಸರ್ಟಿಫಿಕೇಟಿಗೆ ಮೂರು ತಲೆಮಾರು ಅಲೆಯಬೇಕಾಗುತ್ತಿತ್ತು. ಕಿರಿಯ ಫ್ರಾನ್ಸಿಸ್ಕೊನ ಪಾಲಿಗೆ ತಾಯಿಯ ಮನೆಯ ಹೆಸರು ಬಂತು. ಇಂದು ಜಗತ್ತು ಬಳಸುತ್ತಿರುವುದು ಹಾಗೆ ನೋಡಿದರೆ ಒಬ್ಬ ಹೆಣ್ಣುಮಗಳ ತವರಿನ ಹೆಸರು.

ಹೆಸರು ಬಂತು, ಮನೆ ಉಳಿಯಲಿಲ್ಲ. ಹುಡುಗನಿಗೆ ಆರು ವರ್ಷವಾಗಿದ್ದಾಗ, 1512ರಲ್ಲಿ, ಕ್ಯಾಸ್ಟೀಲಿನ ಸೈನ್ಯ ನವಾರ್ರಾಕ್ಕೆ ನುಗ್ಗಿತು. 1515ರಲ್ಲಿ ಅಪ್ಪ ತೀರಿಕೊಂಡ. ಮರುವರ್ಷ ನವಾರ್ರಾದವರು ತಿರುಗಿಬಿದ್ದು ಸೋತರು. ಕಾರ್ಡಿನಲ್ ಸಿಸ್ನೆರೋಸ್‌ನ ಅಪ್ಪಣೆಯಂತೆ ಕೋಟೆಗಳನ್ನು ಕೆಡವುತ್ತ ಬಂದವರು ಹೊಸಮನೆಯ ಗೋಪುರ, ಹೊರಗೋಡೆಗಳನ್ನೂ ಉರುಳಿಸಿ, ವಾಸಕ್ಕೆ ಬೇಕಾದಷ್ಟನ್ನು ಬಿಟ್ಟು ಹೋದರು. ಹತ್ತು ವರ್ಷದ ಹುಡುಗ ಅದನ್ನು ನಿಂತು ನೋಡಿರಲೇಬೇಕು. ಯಾವ ಚರಿತ್ರೆಕಾರನೂ ಆ ಹೊತ್ತಿನ ಅವನ ಮುಖವನ್ನು ಬರೆದಿಟ್ಟಿಲ್ಲ. ನಮ್ಮ ಮಾಳಿಗೆಯ ಮಣ್ಣು ಬೀಳುವಾಗ ನನ್ನ ಮುಖ ಹೇಗಿತ್ತೆಂದು ನನಗೂ ಗೊತ್ತಿಲ್ಲವೆನ್ನಿ.

1525ರಲ್ಲಿ ಓದಲು ಪ್ಯಾರಿಸ್ಸಿಗೆ ಹೋದ ಫ್ರಾನ್ಸಿಸ್ಕೊ ಮತ್ತೆ ಆ ಮನೆಯಲ್ಲಿ ಬಾಳಲಿಲ್ಲ. ಪ್ಯಾರಿಸ್ಸಿನ ಕೋಣೆಯಲ್ಲಿ ಜೊತೆಗೆ ಸಿಕ್ಕವರು ಇಗ್ನೇಷಿಯಸ್ ಲೊಯೋಲಾ. ವಿಚಿತ್ರವೆಂದರೆ, 1521ರಲ್ಲಿ ಪಾಂಪ್ಲೋನಾದ ಕೋಟೆಯನ್ನು ಕ್ಯಾಸ್ಟೀಲಿನ ಪರ ಕಾಯುತ್ತ ಗುಂಡು ತಗುಲಿ ಕಾಲು ಮುರಿದುಕೊಂಡ ಯೋಧ ಇದೇ ಲೊಯೋಲಾ. ಎದುರು ಪಕ್ಷದಲ್ಲಿ ಇದ್ದವರು ಈ ಹುಡುಗನ ಅಣ್ಣಂದಿರು. ಲೊಯೋಲಾ ಎಂಬುದೂ ಬಾಸ್ಕ್ ಮನೆಯ ಹೆಸರೇ. 'ಲೊಯಿ' ಎಂದರೆ ಕೆಸರು. ಲೊಯೋಲಾ ಎಂದರೆ ಕೆಸರಿನ ಜಾಗ. ಕೆಸರಿನವರೂ ಹೊಸಮನೆಯವರೂ ಸೇರಿ, ಇನ್ನೂ ಕೆಲವರನ್ನು ಕೂಡಿಸಿಕೊಂಡು ಕಟ್ಟಿದ್ದೇ ಯೇಸುಸಭೆ. 1540ರಲ್ಲಿ ಪೋಪರ ಒಪ್ಪಿಗೆ ಸಿಕ್ಕಿತು. ಮುಂದೆ ಈ ಎರಡು ಹೆಸರು ನಮ್ಮ ದೇಶದ ಎಷ್ಟು ಕಾಲೇಜುಗಳ ಕಮಾನು ಏರಿದವು ಎನ್ನುವುದನ್ನು ಪ್ರವೇಶದ ಅರ್ಜಿಗಾಗಿ ಸಾಲಿನಲ್ಲಿ ನಿಂತ ತಂದೆತಾಯಿಗಳು ಬಲ್ಲರು. ತಮಿಳುನಾಡಿನಲ್ಲಿ ಮಕ್ಕಳಿಗೂ ಲೊಯೋಲಾ ಎಂದು ಹೆಸರಿಡುತ್ತಾರೆ. ಅರ್ಥ ಹೇಳಿ ಅವರ ಸಂತೋಷ ಕೆಡಿಸುವವನು ನಾನಲ್ಲ.

ಅದೇ 1540ರಲ್ಲಿ ಫ್ರಾನ್ಸಿಸ್ ರೋಮಿನಿಂದ ಲಿಸ್ಬನ್ನಿಗೆ ಹೊರಟರು. ದಾರಿ ತಮ್ಮ ಸೀಮೆಯ ಹತ್ತಿರವೇ ಹಾಯುತ್ತಿತ್ತು. ಇಲ್ಲೊಂದು ದಂತಕಥೆ ಹುಟ್ಟಿಕೊಂಡಿದೆ. ಜೊತೆಗಿದ್ದ ರಾಯಭಾರಿ, "ತಾಯಿಯನ್ನು ನೋಡಿ ಬನ್ನಿ" ಎಂದನಂತೆ. ಸಂತರು, "ಸ್ವರ್ಗದಲ್ಲಿ ನೋಡುತ್ತೇನೆ" ಎಂದು ಮುಂದೆ ನಡೆದರಂತೆ. ಭಕ್ತರಿಗೆ ಕಣ್ಣೀರು ತರಿಸುವ ಕತೆ. ನಿಜ ಇನ್ನೂ ಸಪ್ಪೆ, ಇನ್ನೂ ಕಷ್ಟದ್ದು: ತಾಯಿ 1529ರಲ್ಲೇ ತೀರಿಹೋಗಿದ್ದರು. ನೋಡಲು ಮನೆಯಲ್ಲಿ ತಾಯಿ ಇರಲಿಲ್ಲ. 1541ರ ಏಪ್ರಿಲ್ 7ರಂದು, ತಮಗೆ 35 ತುಂಬಿದ ದಿನವೇ, ಅವರು ಲಿಸ್ಬನ್ನಿನಲ್ಲಿ ಹಡಗು ಹತ್ತಿದರು. ಮೊಜಾಂಬಿಕಿನಲ್ಲಿ ತಿಂಗಳುಗಟ್ಟಲೆ ತಂಗಿ ಗೋವೆ ಮುಟ್ಟಿದ್ದು 1542ರ ಮೇ 6ಕ್ಕೆ. ಅಲ್ಲಿಂದ ನಮ್ಮ ಕರಾವಳಿಯನ್ನು ಎಡಕ್ಕೆ ಬಿಟ್ಟು ದಕ್ಷಿಣಕ್ಕೆ, ತೂತ್ತುಕುಡಿ ಕಡೆಯ ಮುತ್ತಿನ ಪರವರ ನಡುವೆ, ಆಮೇಲೆ ಮಲಕ್ಕಾ, ಅಂಬೊಯ್ನಾ, 1549ರಲ್ಲಿ ಜಪಾನ್. ಚೀನಾದ ಬಾಗಿಲಲ್ಲಿ, ಶಾಂಗ್‌ಚ್ವಾನ್ ದ್ವೀಪದಲ್ಲಿ, 1552ರ ಡಿಸೆಂಬರ್ 3ರಂದು ಜೀವ ಬಿಟ್ಟರು. ಮರಣಕಾಲಕ್ಕೆ ಅವರಿದ್ದದ್ದು ಒಂದು ಗುಡಿಸಲಿನಲ್ಲಿ.

ಈ ಅಲೆದಾಟದ ಒಂದು ಸಂಗತಿ ನನ್ನನ್ನು ಹಿಡಿದು ನಿಲ್ಲಿಸಿತು. ದೂರದ ಗೆಳೆಯರಿಂದ ಬಂದ ಕಾಗದಗಳಲ್ಲಿ ಅವರವರು ತಮ್ಮ ಕೈಯಾರೆ ಬರೆದ ಹೆಸರನ್ನಷ್ಟೇ ಕತ್ತರಿಸಿ, ಆ ಚೂರುಗಳನ್ನು ಸಂತರು ತಮ್ಮ ಮೈಮೇಲೆ ಧರಿಸಿಕೊಂಡಿರುತ್ತಿದ್ದರು. ಊರಿಲ್ಲ, ಮನೆಯಿಲ್ಲ, ಜೊತೆಗೆ ಒಂದಿಷ್ಟು ಹೆಸರು. ನನ್ನ ಬಳಿಯೂ ಹಳೆಯ ಡೈರಿಯಲ್ಲಿ ಹೀಗೆ ಕೆಲವು ಸಹಿಗಳಿವೆ. ಎಲ್ಲವೂ ಜಾಮೀನುದಾರರವು.

1622ರ ಮಾರ್ಚ್ 12ರಂದು ರೋಮಿನಲ್ಲಿ ಇಗ್ನೇಷಿಯಸ್, ಆವಿಲಾದ ತೆರೇಸಾ ಮೊದಲಾದವರ ಜೊತೆ ಫ್ರಾನ್ಸಿಸರನ್ನೂ ಸಂತರೆಂದು ಸಾರಿದರು. ಹೆಸರಿನ ಕತೆ ತಿರುವು ತೆಗೆದುಕೊಳ್ಳುವುದು ಇಲ್ಲಿ. ಅಸ್ಸಿಸಿಯ ಫ್ರಾನ್ಸಿಸ್ ಆಗಲೇ ಜಗತ್ಪ್ರಸಿದ್ಧರು. ಬರೀ ಫ್ರಾನ್ಸಿಸ್ ಎಂದು ಮಗುವಿಗೆ ಹೆಸರಿಟ್ಟರೆ ಯಾವ ಫ್ರಾನ್ಸಿಸ್ ಎಂಬ ಪ್ರಶ್ನೆ ಏಳುತ್ತಿತ್ತು. ಹಾಗಾಗಿ ಜ್ಞಾನಸ್ನಾನದ ಹೊತ್ತಿನಲ್ಲಿ ಎರಡನ್ನೂ ಸೇರಿಸಿಟ್ಟರು: ಫ್ರಾನ್ಸಿಸ್ಕೊ ಹವ್ಯೇರ್, ಫ್ರಾಂಟ್ಸ್ ಕ್ಸಾವರ್. 1791ರಲ್ಲಿ ಹುಟ್ಟಿದ ಮೊಜಾರ್ಟನ ಕಿರಿಮಗ ಫ್ರಾಂಟ್ಸ್ ಕ್ಸಾವರ್. ಮೊಜಾರ್ಟ್ ಅರ್ಧಕ್ಕೆ ಬಿಟ್ಟು ತೀರಿಕೊಂಡ ರೆಕ್ವಿಯಮ್ಮನ್ನು ಪೂರೈಸಿದ ಶಿಷ್ಯ ಜ್ಯೂಸ್‌ಮಾಯರನೂ ಫ್ರಾಂಟ್ಸ್ ಕ್ಸಾವರ್. ದಿನಕಳೆದಂತೆ ಕರೆಯುವವರ ನಾಲಿಗೆಗೆ ಉದ್ದ ಹೆಸರು ಭಾರವಾಗಿ, ಮುಂದಿನ ಫ್ರಾನ್ಸಿಸ್ ಕಳಚಿ ಹಿಂದಿನದೊಂದೇ ಉಳಿಯಿತು. ಕುವೆಂಪು ಅವರ ಮೇಲಿನ ಅಭಿಮಾನಕ್ಕೆ ಮಗನಿಗೆ ಪುಟ್ಟಪ್ಪ ಎನ್ನದೆ ಕುಪ್ಪಳಿ ಎಂದು ಹೆಸರಿಟ್ಟ ಹಾಗಾಯಿತು. ನಗಬೇಡಿ. ಹಾವೇರಿಯಿಂದ ಶಾಸಕರಾಗಿದ್ದ ಓಲೇಕಾರರ ಹೆಸರು ನೆಹರು. ನೆಹರು ಎಂಬುದು ಕಾಲುವೆಯ ದಂಡೆಯಲ್ಲಿದ್ದ ಮನೆತನಕ್ಕೆ ಬಿದ್ದ ಅಡ್ಡಹೆಸರು, 'ನಹರ್' ಎಂದರೆ ಕಾಲುವೆ. ದೊಡ್ಡವರ ಹೆಸರಿನಲ್ಲಿ ಯಾವ ತುದಿ ಕೈಗೆ ಸಿಕ್ಕರೂ ಅಭಿಮಾನಿ ಬಿಡುವುದಿಲ್ಲ.

ಹೀಗೆ ಅಡ್ಡಹೆಸರು ಮುಂದೆ ಬಂದು ಕೂತ ಮೇಲೆ ಅದರ ಉಚ್ಚಾರಣೆಯ ಪಾಡು ಕೇಳಬೇಕು. ಸ್ಪೇನಿನವರು ಹವ್ಯೇರ್ ಎನ್ನುತ್ತಾರೆ. ಫ್ರೆಂಚರು ಗ್ಝಾವ್ಯೇ, ಇಟಲಿಯವರು ಸವೇರಿಯೊ, ಜಪಾನಿನವರು ಝಾಬಿಯೆರು. ಇಂಗ್ಲಿಷಿನವರ ಝೇವಿಯರ್ ನಮ್ಮ ಕಾನ್ವೆಂಟುಗಳಿಗೆ ಬಂತು. ಕನ್ನಡದ ಬೋರ್ಡು ಬರೆಯುವವರು ಒಂದಕ್ಷರವನ್ನೂ ನಷ್ಟ ಮಾಡಬಾರದೆಂದು ಕ್ಸೇವಿಯರ್ ಎಂದು ಬರೆದರು. ಇವರಲ್ಲಿ ಸರಿ ಯಾರು? ಸಂತರ ಕಾಲದ ಸ್ಪ್ಯಾನಿಷ್‌ನಲ್ಲಿ ಎಕ್ಸ್ ಅಕ್ಷರದ ಉಚ್ಚಾರ 'ಶ'. ಡಾನ್ ಕ್ವಿಕ್ಸೋಟ್ ಆಗ ಕಿಶೋತೆ, ಮೆಕ್ಸಿಕೊ ಆಗ ಮೆಶಿಕೊ. ಆ ಶಕಾರ ಹದಿನೇಳನೆಯ ಶತಮಾನದ ಹೊತ್ತಿಗೆ ಗಂಟಲಿಗೆ ಜಾರಿ ಒರಟು ಹಕಾರವಾಯಿತು; 1815ರಲ್ಲಿ ಸ್ಪೇನಿನ ಭಾಷಾ ಅಕಾಡೆಮಿ ಅದಕ್ಕೆ ಎಕ್ಸ್ ತೆಗೆದು ಜೆ ಬರೆಯಲು ಹೇಳಿತು. ಪೋರ್ಚುಗೀಸರು ಮಾತ್ರ ಇಂದಿಗೂ ಶವಿಯೆರ್ ಎನ್ನುತ್ತಾರೆ, ಬಾಸ್ಕರು ಶಬಿಯೆರ್.

ಝೇವಿಯರ್ ಅವರ ತಾಯಿ, ಓದುಬರಹ ಅಷ್ಟಾಗಿ ಗೊತ್ತಿಲ್ಲದ ಮುದುಕಿ, ಮಗನನ್ನು ಜೀವಮಾನವೆಲ್ಲ "ಸಾವೆರ್" ಎಂದೇ ಕರೆದರು. ಮಗ ಬ್ಯಾಂಕಿನ ಜನರ ಮುಂದೆ ನಾಚಿಕೊಳ್ಳುತ್ತಿದ್ದರು. ನನ್ನ ತೀರ್ಪು ಮುದುಕಿಯ ಕಡೆಗೆ. ಝೇವಿಯರ್ ಎಂದು ಕೂಗಿದ್ದರೆ ಆ ನವಾರ್ರಾದ ಮನುಷ್ಯ ತಿರುಗಿಯೂ ನೋಡುತ್ತಿರಲಿಲ್ಲ. ಸಾವೆರ್ ಎಂದಿದ್ದರೆ ಯಾರೋ ನಮ್ಮವರೇ, ತುಸು ಹಲ್ಲಿಲ್ಲದವರು ಎಂದುಕೊಂಡು ಓಗೊಡುತ್ತಿದ್ದರು.

ನಮ್ಮ ಬಯಲುಸೀಮೆಯ ಬಾಯಿ ಇನ್ನೂ ಮುಂದೆ ಹೋಯಿತು. ತಮಿಳಿನಲ್ಲಿ ಸವರಿಮುತ್ತು. ಬೆಂಗಳೂರು ಸುತ್ತಲಿನ ಕ್ರೈಸ್ತರಲ್ಲಿ ಚೌರಪ್ಪ. ತೆಲುಗಿನಲ್ಲಿ ಶೌರಿ, ಶೌರಯ್ಯ. ಎಲ್ಲರೂ ಅದೇ ಕೋಟೆಮನೆಯ ಮಕ್ಕಳು. ಶೌರಿ ಎಂದರೆ ಕೃಷ್ಣನೂ ಹೌದು, ಶೂರಸೇನನ ವಂಶದವನು. ಆಂಧ್ರದ ಹಳ್ಳಿಯೊಂದರಲ್ಲಿ ಇಬ್ಬರು ಶೌರಿಗಳು ಅಕ್ಕಪಕ್ಕ ಬದುಕಿದ್ದರೆ ಒಬ್ಬನ ಹೆಸರು ಮಥುರೆಯಿಂದ, ಇನ್ನೊಬ್ಬನದು ಪಿರೆನೀಸ್ ಬೆಟ್ಟದ ಬುಡದಿಂದ ಬಂದಿರುತ್ತದೆ. ಇಬ್ಬರಿಗೂ ಅದು ಗೊತ್ತಿರುವುದಿಲ್ಲ, ಗೊತ್ತಾದರೂ ಏನೂ ಕೆಡುವುದಿಲ್ಲ. ಹೊಸದಾಗಿ ಹೆಸರಿಡುವ ತಂದೆತಾಯಿಗಳ ಪುಸ್ತಕಗಳು ಝೇವಿಯರ್ ಎದುರಿಗೆ 'ಅರಬ್ಬೀ ಮೂಲ. ಪ್ರಕಾಶಮಾನ' ಎಂದು ಬರೆದಿರುವುದುಂಟು. ಹೊಸಮನೆಗೆ ಸುಣ್ಣ ಬಳಿದಿದ್ದಾರೆ, ಅಷ್ಟೆ.

ನೆಂಟರ ವಿಷಯಕ್ಕೆ ಬಂದರೆ ಈ ಮನೆಯ ದಾಯಾದಿಗಳು ಲೋಕವೆಲ್ಲ ಹರಡಿದ್ದಾರೆ. ಮೂಲ ಬಾಸ್ಕ್ ಹೆಸರು ಎಚೆವೆರ್ರಿಯಾ ಎಂದೂ ಉಳಿದುಕೊಂಡಿದೆ; 1970ರಿಂದ 76ರವರೆಗೆ ಮೆಕ್ಸಿಕೊದ ಅಧ್ಯಕ್ಷರಾಗಿದ್ದವರು ಲೂಯಿಸ್ ಎಚೆವೆರ್ರಿಯಾ. ಓಪುಸ್ ದೇಯಿ ಎಂಬ ಕ್ಯಾಥೊಲಿಕ್ ಸಂಸ್ಥೆಗೆ 1994ರಿಂದ 2016ರವರೆಗೆ ಮುಖ್ಯಸ್ಥರಾಗಿದ್ದ ಬಿಷಪ್ಪರ ಹೆಸರು ಹವ್ಯೇರ್ ಎಚೆವಾರ್ರಿಯಾ, ಅಂದರೆ ಹೊಸಮನೆ ಹೊಸಮನಿ. ಕೇರಳದಲ್ಲಿ ಪುತ್ತನ್‌ಪುರಯ್ಕಲ್ ಎಂಬ ಮನೆತನದ ಹೆಸರಿನ ಕ್ರೈಸ್ತರು ಬಹಳ. ಅರ್ಥ ಅದೇ, ಹೊಸಮನೆಯವರು. ಆ ಮನೆಯಲ್ಲೂ ಯಾರಾದರೊಬ್ಬ ಸೇವ್ಯರ್ ಇರಲೇಬೇಕು, ಅವರಿಗೂ ಡಬಲ್ ನಮಸ್ಕಾರ. ಆದರೆ ಸಂತರಿಗೆ ಮುಜುಗರ ತರುವ ನೆಂಟ ಒಬ್ಬನಿದ್ದಾನೆ. ವೆನಿಸ್ಸಿನ ಜಾಕೊಮೊ ಕಾಸನೋವಾ. 'ಕಾಸಾ' ಮನೆ, 'ನೋವಾ' ಹೊಸತು. ಒಬ್ಬರು ಊರೂರು ತಿರುಗಿ ಆತ್ಮಗಳ ಹಿಂದೆ ಹೋದರು, ಇನ್ನೊಬ್ಬ ಊರೂರು ತಿರುಗಿ ಏನು ಮಾಡಿದನೆಂದು ಅವನೇ ಸಂಪುಟಗಟ್ಟಲೆ ಬರೆದಿದ್ದಾನೆ. ಇಬ್ಬರೂ ಮನೆಯಲ್ಲಿ ನಿಲ್ಲಲಿಲ್ಲ. ಈ ಹೆಸರಿನವರ ಕಾಲಿನಲ್ಲೇ ಚಕ್ರವಿರಬೇಕೆಂದು ನನ್ನ ಹೆಂಡತಿಯ ಅಭಿಪ್ರಾಯ. ಅವಳು ಮಾತಾಡಿದ್ದು ನನ್ನ ವರ್ಗಾವಣೆಗಳನ್ನು ನೆನೆದು ಎಂದು ನಂಬಿದ್ದೇನೆ.

ನಗುವಾಗಲೂ ಒಂದು ಮಾತು ಬಿಡಬಾರದು. 1546ರಲ್ಲಿ ಅಂಬೊಯ್ನಾದಿಂದ ಪೋರ್ಚುಗಲ್ಲಿನ ದೊರೆಗೆ ಬರೆದ ಕಾಗದದಲ್ಲಿ ಇದೇ ಫ್ರಾನ್ಸಿಸರು ಗೋವೆಗೆ ಧರ್ಮವಿಚಾರಣೆಯ ನ್ಯಾಯಮಂಡಳಿ ಬೇಕೆಂದು ಕೇಳಿದ್ದರು. ಅವರು ಸತ್ತ ಮೇಲೆ, 1560ರಲ್ಲಿ, ಅದು ಬಂತು; ಗೋವೆಯ ಜನ ಪಟ್ಟ ಪಾಡು ಸಣ್ಣದಲ್ಲ. ಮನೆಮಾರು ಬಿಟ್ಟು ದಕ್ಷಿಣಕ್ಕೆ ಇಳಿದು ಕನ್ನಡ ಕರಾವಳಿಯಲ್ಲಿ ಹೊಸಮನೆ ಕಟ್ಟಿಕೊಂಡ ಕೊಂಕಣಿಗರ ವಲಸೆಗೆ ಬರ, ರೋಗ, ಯುದ್ಧ, ತೆರಿಗೆಗಳ ಜೊತೆಗೆ ಆ ಮಂಡಳಿಯ ಭಯವೂ ಒಂದು ಕಾರಣ. ಆ ವಲಸೆಗಾರರದೇ ಮೊಮ್ಮಕ್ಕಳು ಸಂತರ ಹೆಸರಿನಲ್ಲಿ ಮಂಗಳೂರಿನ ಬಿಜೈಯಲ್ಲಿ ಇಗರ್ಜಿ ಕಟ್ಟಿದರು, ಗೋವೆಗೆ ಹೋಗಿ 'ಗೊಂಯ್ಚೊ ಸಾಯ್ಬ್' ಎಂದು ಕೈಮುಗಿದರು. ಬಾಂ ಜೀಸಸ್ ಬೆಸಿಲಿಕಾದಲ್ಲಿರುವ ಅವರ ದೇಹವನ್ನು ಹತ್ತು ವರ್ಷಕ್ಕೊಮ್ಮೆ ದರ್ಶನಕ್ಕೆ ಇಳಿಸುತ್ತಾರೆ. ಕಳೆದ ಸಲ, 2024ರ ನವೆಂಬರ್ 21ರಿಂದ 2025ರ ಜನವರಿ 5ರವರೆಗೆ ದರ್ಶನವಿದ್ದಾಗ, ಝೇವಿಯರ್ ದುಬೈಯ ಮಗಳ ಮನೆಯಿಂದ ಅದಕ್ಕೆಂದೇ ಬಂದಿದ್ದರು. ಫೋನಿನಲ್ಲಿ ನಾನು ಆ ಕಾಗದದ ವಿಷಯ ಎತ್ತಿದೆ. ಸ್ವಲ್ಪ ಹೊತ್ತು ಸುಮ್ಮನಿದ್ದು, "ಅದು ಉಂಟು. ನನಗೂ ಗೊತ್ತುಂಟು. ಆದ್ರೆ ಅಮ್ಮ ಹರಕೆ ಹೇಳಿ ಇಟ್ಟ ಹೆಸರು ಮಾರಾಯ್ರೆ" ಎಂದರು. ಚರಿತ್ರೆ ಮತ್ತು ಅಮ್ಮ ಎದುರುಬದುರಾದಾಗ ಹೀಗೇ ಆಗುತ್ತದೆ.

ಆಗಲೇ ಹೆಸರಿನ ಅರ್ಥವನ್ನೂ ಹೇಳಿದೆ. ನಕ್ಕರು, ಈ ಸಲ ಅಳತೆ ಮೀರಿ. "ಹಾಗಾದ್ರೆ ನಾವಿಬ್ಬರೂ ಒಂದೇ ಮನೆಯವರು! ಮೊದಲೇ ಹೇಳ್ಲಿಕ್ಕೆ ಏನಾಗಿತ್ತು? ಜಾಯಿಂಟ್ ಲೋನ್ ತಗೊಳ್ಳಬಹುದಿತ್ತಲ್ಲ!" ಆಮೇಲೆ ನನ್ನ ಊರಿನ ಮನೆ ಹೇಗಿದೆ ಎಂದು ಕೇಳಿದರು. ಪಾಲಾಗಿ, ಮಾರಿ, ಕೆಡವಿ ಆಗಿತ್ತು. ಆ ಜಾಗದಲ್ಲಿ ಈಗ ಬೇರೆಯವರ ಗೊಬ್ಬರದ ಅಂಗಡಿ. ಮಾಲೀಕರಿಗೆ ಅವರದೇ ಒಳ್ಳೆಯ ಅಡ್ಡಹೆಸರು ಇದೆ, ಬೋರ್ಡಿನ ಮೇಲೆ ದಪ್ಪ ಅಕ್ಷರದಲ್ಲಿ ಬರೆಸಿದ್ದಾರೆ. ಊರವರು ಮಾತ್ರ "ಹೊಸಮನಿಯವರ ಅಂಗಡ್ಯಾಗ ಯೂರಿಯಾ ಬಂದೈತೇನು?" ಎಂದು ಕೇಳುತ್ತಾರೆ. ಬಾಸ್ಕರ ಪದ್ಧತಿ ನಮ್ಮೂರಿಗೆ ಯಾರು ಕಲಿಸಿದರೋ! ಹೋದ ಸಲ ಬಸ್‌ಸ್ಟ್ಯಾಂಡಿನಲ್ಲಿ ಒಬ್ಬ ಹುಡುಗ ನನ್ನ ಹೆಸರು ಕೇಳಿ, "ಗೊಬ್ಬರದಂಗಡಿ ಹೊಸಮನಿಯವರಿಗೆ ನೀವು ಏನಾಗಬೇಕ್ರೀ?" ಎಂದ. ದೂರದ ಸಂಬಂಧ ಎಂದೆ.

ಸಂತರ ಮನೆಯ ಹಣೆಬರಹ ನಮ್ಮದಕ್ಕಿಂತ ಗಟ್ಟಿ. ಶತಮಾನಗಳ ಕಾಲ ಕುಸಿಯುತ್ತಲೇ ಇದ್ದದ್ದನ್ನು ಹತ್ತೊಂಬತ್ತನೆಯ ಶತಮಾನದ ಕೊನೆಗೆ ವಿಲ್ಲಾಎರ್ಮೋಸಾದ ಡಚೆಸ್ ಒಬ್ಬರು ದುಡ್ಡು ಹಾಕಿ ಎತ್ತಿ ನಿಲ್ಲಿಸಿದರು. ಮಗ್ಗುಲಿಗೆ ಒಂದು ಬೆಸಿಲಿಕಾವೂ ಎದ್ದಿತು. ಈಗ ಅದು ನಿಜಕ್ಕೂ ಹೊಸಮನೆಯ ಹಾಗೆ ಕಾಣುತ್ತದೆ. ಒಳಗಿನ ಗುಡಿಯಲ್ಲಿ ಅಕ್ರೋಟದ ಮರದಲ್ಲಿ ಕೆತ್ತಿದ ಶಿಲುಬೆಯ ಕ್ರಿಸ್ತನಿದ್ದಾನೆ. ಶಿಲುಬೆಯ ಮೇಲೂ ಅವನ ತುಟಿಯಲ್ಲಿ ನಗು. ಪ್ರತಿ ವರ್ಷ ಮಾರ್ಚಿನಲ್ಲಿ ನವಾರ್ರಾದ ಸಾವಿರಾರು ಜನ ಪಾಂಪ್ಲೋನಾ ಮೊದಲಾದ ಊರುಗಳಿಂದ ಅಲ್ಲಿಗೆ ನಡೆದೇ ಹೋಗುತ್ತಾರೆ. ಹವ್ಯೇರಾದಾ ಎಂದು ಆ ಪಾದಯಾತ್ರೆಯ ಹೆಸರು. ಮಕ್ಕಳೋ ಮೊಮ್ಮಕ್ಕಳೋ ಯುರೋಪಿನಲ್ಲಿದ್ದು ಆ ಕಡೆ ಹೋಗುವ ಹೊಸಮನಿಯವರು ಯಾರಾದರೂ ಇದ್ದರೆ ನನ್ನದೊಂದು ವಿನಂತಿ. ಸಂದರ್ಶಕರ ಪುಸ್ತಕವನ್ನೇನಾದರೂ ಮುಂದಿಟ್ಟರೆ ಅಡ್ಡಹೆಸರನ್ನು ಮೊದಲು ಬರೆಯಿರಿ, ಪಕ್ಕದಲ್ಲಿ ಅದರ ಅರ್ಥವನ್ನೂ ಬರೆಯಿರಿ. ಮನೆಯವರು ಬಂದಿದ್ದರೆಂದು ಅಲ್ಲಿನವರಿಗೆ ತಿಳಿಯಲಿ.